ಪದ ಬೇಕಾಗಿದೆ: ಕಾಲದ ಓಲೆಗಳನ್ನು ಕಾಯುವ ಲಿಪಿಕಾರರ ಕೂಟಕ್ಕೆ ಏನನ್ನಬೇಕು?

ಡೊಂಬಿವಲಿಯಿಂದ:

ಎಲ್ಲರಿಗೂ ನಮಸ್ಕಾರ. ಒಂದು ಹೆಸರು ಅರ್ಜೆಂಟಾಗಿ ಬೇಕು. ಇಲ್ಲಿನ ಕನ್ನಡ ಮಕ್ಕಳಿಂದ ನಾಟಕ ಆಡಿಸುತ್ತಿದ್ದೇವೆ. ಮೂಲ ಇಂಗ್ಲಿಷಿನದು, ಅನುವಾದ ನನ್ನದು. ಕಥೆಯಲ್ಲಿ ಲಿಪಿಕಾರರ ಒಂದು ಗಿಲ್ಡ್ ಇದೆ. ಕಾಲದ ಬಗ್ಗೆ ಬರೆದ ಮಾಯದ ಓಲೆಗಳನ್ನು ತಲೆಮಾರುಗಳಿಂದ ಕಾಯುವವರು. ಒಂದು ಓಲೆ ಹಾಳಾದರೆ ಆ ಹೊತ್ತು ಊರಿನ ನೆನಪಿನಿಂದಲೇ ಅಳಿಸಿಹೋಗುತ್ತದೆ. ಹಾಗಾಗಿ ಓಲೆ ಮುರಿಯುವ ಮೊದಲೇ ಹೊಸ ಓಲೆಗೆ ಇಳಿಸಿಕೊಳ್ಳುತ್ತಾರೆ.

ಅವರ ಮನೆ ಬಾಗಿಲಿಗೆ ಬೋರ್ಡು ಬರೆಸಬೇಕು, ಶನಿವಾರದೊಳಗೆ. ಪೇಂಟರ್ ಮರಾಠಿಯವರು. ನಾನು ಕಾಗದದಲ್ಲಿ ಬರೆದುಕೊಟ್ಟ ಅಕ್ಷರದ ಗೆರೆಗುಂಟ ಸೂಜಿಯಿಂದ ತೂತು ಚುಚ್ಚಿ, ಹಲಗೆಯ ಮೇಲಿಟ್ಟು ಸೀಮೆಸುಣ್ಣದ ಪುಡಿ ತಟ್ಟಿ, ಆಮೇಲೆ ಬಣ್ಣ ತುಂಬುತ್ತಾರೆ. ಒತ್ತಕ್ಷರ ಜಾಸ್ತಿ ಇದ್ದರೆ ಚುಕ್ಕಿಗಳು ಕೂಡಿಕೊಂಡು ಅಕ್ಷರ ಕೆಡುತ್ತದೆ.

'ಸಂಘ' ಬೇಡ. ಮುಂಬಯಿಯ ಮಕ್ಕಳಿಗೆ ಸಂಘ ಅಂದರೆ ವಾರ್ಷಿಕೋತ್ಸವ, ಶಾಲು, ಹಾರ. 'ಗುಮಾಸ್ತರು' ಕೂಡ ಬೇಡ. ಇಲ್ಲಿ ಗುಮಾಸ್ತಾ ಅಂದರೆ ಗಲ್ಲಾದ ಹಿಂದೆ ಫ್ರೇಮು ಹಾಕಿ ತೂಗುಹಾಕಿದ ಲೈಸೆನ್ಸು.

ಮಾಟುಂಗದಿಂದ:

'ಹೊತ್ತಗೆಗಾಪಿಗರ ಕೂಟ' ಎಂದು ಬರೆಸಿ. ಹೊತ್ತಗೆ ಅಂದರೆ ಪುಸ್ತಕ, ಕಾಪಿಗ ಅಂದರೆ ಕಾಯುವವನು. ಅಚ್ಚಗನ್ನಡ. ಹೊತ್ತಗೆ ಹುಟ್ಟಿದ್ದೇ ಹೊತ್ತಿನಿಂದ. ಹೊತ್ತನ್ನು ಹಿಡಿದಿಡುವುದು ಹೊತ್ತಗೆ. ನಿಮ್ಮ ಕಥೆಗೆ ಇದಕ್ಕಿಂತ ಒಳ್ಳೆಯದು ಸಿಗುವುದಿಲ್ಲ. 'ಓಲೆಕಾರರು' ಕೂಡ ಆದೀತು. ಲಿಪಿ, ಕಾಲ ಎಲ್ಲ ಎರವಲು ಮಾತು. ಮಕ್ಕಳ ಬಾಯಿಗೆ ಅದನ್ನು ತುರುಕಬೇಡಿ.

ಪುಣೆಯಿಂದ:

ತಪ್ಪು. 'ಹೊತ್ತು' ಹಳಗನ್ನಡದಲ್ಲಿ 'ಪೊೞ್ತು'. ತಮಿಳಿನಲ್ಲಿ ಈಗಲೂ 'ಪೊೞುದು'. ಹೊತ್ತಗೆಯ ಹಳೆಯ ರೂಪ 'ಪೊತ್ತಗೆ'ಯಲ್ಲಿ ಆ ೞಕಾರ, ಅಂದರೆ ಈಗ ಕನ್ನಡದಲ್ಲಿ ಬಳಕೆ ತಪ್ಪಿದ ಆ ಅಕ್ಷರ, ಎಂದೂ ಇರಲಿಲ್ಲ. ಅದು 'ಪುಸ್ತಕ'ವೇ, ಪ್ರಾಕೃತದ ಬಾಯಲ್ಲಿ ಸವೆದು ನಮ್ಮಲ್ಲಿಗೆ ಬಂದದ್ದು. ಮರಾಠಿಯ 'ಪೋಥಿ' ಅದೇ ಸವೆತದ ಇನ್ನೊಂದು ತುಂಡು. ೞ ಕಳೆದುಹೋದ ಮೇಲೆ ಎರಡೂ ಒಂದೇ ಥರ ಕೇಳಿಸುತ್ತಿವೆ, ಅಷ್ಟೇ. ಎರವಲು ಬೇಡ ಅನ್ನುವ ಪತ್ರದ ಮೊದಲ ಪದವೇ ಎರವಲು.

ಹಾಗಂತ ಹೊತ್ತಗೆ ಬಿಡಿ ಅನ್ನುತ್ತಿಲ್ಲ. ನಮ್ಮ ಮನೆಯ ಅನ್ನ ಉಂಡು ಬೆಳೆದ ಪದ ಅದು. ಆದರೆ ಅದೇ ನ್ಯಾಯ ಲಿಪಿಗೂ ಸಲ್ಲಬೇಕು, ಅಲ್ವಾ?

'ಓಲೆಕಾರ' ಓಲೆ ಬರೆಯುವವನಲ್ಲ, ಒಯ್ಯುವವನು. 'ಕಾಪಿಗ' ಅಂದರೆ ಮಕ್ಕಳು ಪರೀಕ್ಷೆಯಲ್ಲಿ ಕಾಪಿ ಹೊಡೆಯುವವನು ಎಂದುಕೊಳ್ಳುತ್ತಾರೆ. ಶಾಸನ ಬರೆದವನು 'ಸೇನಬೋವ'. ಚೆಂದದ ಮಾತು, ಆದರೆ ಅದು ಶಾನುಭೋಗ ಆಗಿ ಕಂದಾಯದ ಲೆಕ್ಕಕ್ಕೆ ಅಂಟಿಕೊಂಡಿದೆ. 'ಲಿಪಿಕಾರ'ವೇ ಇರಲಿ. ಬರಹಗಾರ ತನ್ನದನ್ನು ಬರೆಯುತ್ತಾನೆ, ಲಿಪಿಕಾರ ಇನ್ನೊಬ್ಬರದ್ದನ್ನು ಉಳಿಸುತ್ತಾನೆ. ಹಳೆಯ ಕಟ್ಟುಗಳ ಕೊನೆಯಲ್ಲಿ ಅವರು ಬರೆದಿಡುತ್ತಿದ್ದುದನ್ನು ಓದಿ: ಎಣ್ಣೆಯಿಂದ ಕಾಪಾಡಿ, ನೀರಿನಿಂದ ಕಾಪಾಡಿ, ಸಡಿಲ ಕಟ್ಟಿನಿಂದ ಕಾಪಾಡಿ. ಬೆನ್ನು ಮುರಿದು, ಕತ್ತು ಬಗ್ಗಿಸಿ ಬರೆದಿದ್ದೇನೆ ಎಂಬ ಮಾತೂ ಇರುತ್ತದೆ. ನಿಮ್ಮ ಪಾತ್ರಗಳು ಇವರೇ.

ಈಗ ಗಿಲ್ಡ್. ಹಳೆಯ ಪದ 'ಶ್ರೇಣಿ'. ನಮ್ಮ ಹತ್ತಿರದ ನಾಸಿಕದ ಗುಹೆಗೇ ಹೋಗಿ ನೋಡಬಹುದು. ಕ್ಷತ್ರಪ ದೊರೆ ನಹಪಾನನ ಅಳಿಯ ಉಷವದಾತ, ಅಲ್ಲೇ ಹತ್ತಿರದ ಗೋವರ್ಧನದ ನೇಕಾರರ ಎರಡು ಶ್ರೇಣಿಗಳಲ್ಲಿ 2000 ಮತ್ತು 1000 ಕಾರ್ಷಾಪಣ (ಆಗಿನ ನಾಣ್ಯ) ಇಟ್ಟು, ಬಡ್ಡಿ ಭಿಕ್ಷುಗಳಿಗೆ ಸಲ್ಲಲಿ ಎಂದು ಕಲ್ಲಿನಲ್ಲಿ ಕೆತ್ತಿಸಿದ್ದಾನೆ. ಆದರೆ ಇವತ್ತಿನ ಮಕ್ಕಳಿಗೆ ಶ್ರೇಣಿ ಅಂದರೆ ಮಾರ್ಕ್ಸು. ಬೇಡ.

ಕನ್ನಡ ಶಾಸನಗಳಲ್ಲಿ ಬೇರೆ ದಾರಿ ಇದೆ. ಕೂಟವನ್ನು ಎಣಿಕೆಯಿಂದಲೇ ಕರೆದರು. ವ್ಯಾಪಾರಿಗಳು 'ಅಯ್ಯಾವೊಳೆಯ ಐನೂರ್ವರು', ಅಂದರೆ ಐಹೊಳೆಯ ಐನೂರು ಮಂದಿ. ಗಾಣದವರು 'ತೆಲ್ಲಿಗರ ಐವತ್ತೊಕ್ಕಲು'. ಆ ಲೆಕ್ಕವೇ ಹೆಸರಾಯಿತು. ದಿನಕ್ಕೆ 60 ಗಳಿಗೆ, ಒಂದು ಗಳಿಗೆಗೆ 24 ನಿಮಿಷ. ಒಬ್ಬ ಲಿಪಿಕಾರ ಒಂದು ಗಳಿಗೆಯ ಓಲೆಗಳನ್ನು ಕಾಯಲಿ. 'ಗಳಿಗೆಯ ಅರವತ್ತು ಮಂದಿ'. ಗಿಲ್ಡ್ ಎಂಬ ಪದವೇ ಬೇಕಾಗುವುದಿಲ್ಲ.

ಮಾಟುಂಗದಿಂದ:

ೞಕಾರದ ಮಾತು ಒಪ್ಪಿದೆ. ಉಳಿದದ್ದು ಒಪ್ಪುವುದಿಲ್ಲ. ಹಳಗನ್ನಡದ ಕಾಲದಲ್ಲಿ ಬಂದ ಪದ ಬೇರೆ, ನಿನ್ನೆ ಬಂದದ್ದು ಬೇರೆ. ಆಗ ಬಂದದ್ದು ನಮ್ಮ ಪದದ ಪಕ್ಕದಲ್ಲಿ ಕೂತಿತು. ಈಗ ಬರುತ್ತಿರುವುದು ನಮ್ಮದನ್ನು ಎಬ್ಬಿಸಿ ಆ ಜಾಗದಲ್ಲಿ ಕೂರುತ್ತಿದೆ. ನನ್ನ ಮೊಮ್ಮಗಳಿಗೆ ಪಲ್ಯ ಗೊತ್ತಿಲ್ಲ, ಭಾಜಿ. ಹೊತ್ತು ಗೊತ್ತಿಲ್ಲ, ಟೈಮ್. ಅವಳೊಡನೆ ಕನ್ನಡ ಮಾತಾಡುವವರು ಇಡೀ ಬಿಲ್ಡಿಂಗಿನಲ್ಲಿ ನಾನೊಬ್ಬನೇ. ಈ ಊರಿನಲ್ಲಿ ಕೂತು ಅಚ್ಚಗನ್ನಡ ಕೇಳುವುದು ಸುಮ್ನೆ ಹಟಕ್ಕಲ್ಲ.

ಮಡಗಾಂವಿನಿಂದ:

ಗಳಿಗೆ ಮಕ್ಕಳಿಗೆ ತಿಳಿಯುತ್ತದೆಯೇ ಎಂದು ಯಾರಾದರೂ ಕೇಳುವ ಮೊದಲು ಹೇಳಿಬಿಡುತ್ತೇನೆ. ಮರಾಠಿಯ ಘಟಕಾ, ಘಡ್ಯಾಳ್, ನಮ್ಮ ಗಡಿಯಾರ ಎಲ್ಲ ಒಂದೇ ಬಳ್ಳಿಯವು. ವೇದಿಕೆಯ ಮೇಲೆ ಗಳಿಗೆ ಬಟ್ಟಲು ಇಡಿ. ತಾಮ್ರದ ಬಟ್ಟಲಿನ ತಳದಲ್ಲಿ ಸಣ್ಣ ತೂತು. ನೀರಿನ ಮೇಲೆ ತೇಲಿಬಿಟ್ಟರೆ ತುಂಬಿ ಮುಳುಗುವಷ್ಟರಲ್ಲಿ ಒಂದು ಗಳಿಗೆ. ನಾಟಕಕ್ಕೆ ತೂತು ಸ್ವಲ್ಪ ದೊಡ್ಡದಿರಲಿ.

ಡೊಂಬಿವಲಿಯಿಂದ:

ಎಲ್ಲರಿಗೂ ಧನ್ಯವಾದ. ಬೋರ್ಡು ಕೊಟ್ಟಾಯಿತು. ಮೇಲೆ ದೊಡ್ಡದಾಗಿ 'ಗಳಿಗೆಯ ಅರವತ್ತು ಮಂದಿ', ಕೆಳಗೆ ಸಣ್ಣದಾಗಿ 'ಲಿಪಿಕಾರರು'. ಒತ್ತಕ್ಷರ ಒಂದೇ. ಪೇಂಟರ್ ಖುಷಿಯಾದರು.

ಮಾಟುಂಗದ ಹಿರಿಯರಿಗೆ: ನಿಮ್ಮ ಪತ್ರ ಓದಿದ ಮೇಲೆ ಅನುವಾದದಲ್ಲಿ ಟೈಮ್ ಇದ್ದ ಕಡೆಯಲ್ಲೆಲ್ಲ ಹೊತ್ತು ಮಾಡಿದೆ. ಕೊನೆಯ ಓಲೆ ಸುಟ್ಟಾಗ ಮುದುಕ ಲಿಪಿಕಾರ ಹೇಳುವ ಮಾತು ಈಗ 'ಹೊತ್ತು ಮುಳುಗಿತು'. ನಿನ್ನೆ ರಿಹರ್ಸಲ್‌ನಲ್ಲಿ ಆ ಪಾತ್ರದ ಹುಡುಗ, ಮುಳುಗಿದ್ದು ಸೂರ್ಯನೋ ಟೈಮೋ ಎಂದು ಕೇಳಿದ. ಎರಡೂ ಎಂದೆ. ಅವನು ಇನ್ನೊಂದು ಸಲ, ಮೊದಲಿಗಿಂತ ನಿಧಾನವಾಗಿ ಹೇಳಿದ.