ಪದಚರ್ಚೆ: ಒಕ್ಕಲೆದ್ದವರೋ, ನೆಲೆ ತಪ್ಪಿದವರೋ?

ನಮಸ್ಕಾರ. ಕವಿತೆಯಂತೆ ಸಾಗುವ 11 ನಿಮಿಷದ ಕಿರುಚಿತ್ರವೊಂದಕ್ಕೆ ಕನ್ನಡ ಅಡಿಬರಹ ಬರೆಯುತ್ತಿದ್ದೇನೆ. ಮನೆಮಠ ಬಿಟ್ಟು ಬಂದ ಮುದುಕನೊಬ್ಬ ನಡುರಾತ್ರಿ ಎದ್ದು, ಕತ್ತಲಲ್ಲಿ ಎಡಗೈ ಚಾಚಿ ಬಾಗಿಲ ಅಗುಳಿ ತಡಕುತ್ತಾನೆ. ಸಿಗುವುದು ಬರೀ ಗೋಡೆ. ಹಳೆಯ ಮನೆಯಲ್ಲಿ ಬಾಗಿಲು ಆ ಕಡೆಗಿತ್ತು. ಅಂಗೈ ಗೋಡೆಯ ಮೇಲೆ ಹಾಗೇ ನಿಂತುಬಿಡುತ್ತದೆ. ಆಗ ಕೇಳಿಸುವುದು ಒಂದೇ ಪದ: ‘ಡಿಸ್‌ಪ್ಲೇಸ್ಡ್’.

ಇದಕ್ಕೆ ಕನ್ನಡದಲ್ಲಿ ಏನನ್ನೋಣ?

‘ಸ್ಥಳಾಂತರಗೊಂಡವರು’ ಎಂದು ಬರೆದು ಅಳಿಸಿದೆ. ಕಚೇರಿಗಳೂ ಸ್ಥಳಾಂತರಗೊಳ್ಳುತ್ತವೆ, ಆ ಪದಕ್ಕೆ ನೋವು ಗೊತ್ತಿಲ್ಲ. ‘ಸ್ಥಾನಪಲ್ಲಟ’ ಭೌತಶಾಸ್ತ್ರದ ಪಾಠದ್ದು. ‘ವಲಸೆ’ ಹಕ್ಕಿಗಳೂ ಹೋಗುತ್ತವೆ, ಕಾಲ ಬಂದಾಗ ಮರಳುತ್ತವೆ.

ಪತ್ರಿಕೆಗಳ ‘ನಿರಾಶ್ರಿತ’ದ ಮೇಲೆ ನನ್ನ ತಕರಾರು ಬೇರೆ. ವಿಶ್ವಸಂಸ್ಥೆಯ 1951ರ ಒಡಂಬಡಿಕೆಯಂತೆ ‘ರೆಫ್ಯೂಜಿ’ ಎನಿಸಿಕೊಳ್ಳಲು ಸ್ವಂತ ದೇಶದ ಹೊರಗಿರಬೇಕು. ದೇಶದೊಳಗೇ ಮನೆ ಕಳೆದುಕೊಂಡವರಿಗಾಗಿ ಬೇರೆಯೇ ಮಾರ್ಗದರ್ಶಿ ಸೂತ್ರಗಳು ಬಂದದ್ದು 1998ರಲ್ಲಿ. ನಾವು ಇಬ್ಬರನ್ನೂ ಒಂದೇ ಪದದಲ್ಲಿ ಕರೆಯುತ್ತೇವೆ, ಅದೂ ‘ಆಶ್ರಯವಿಲ್ಲದವರು’ ಎಂದು. ರೆಫ್ಯೂಜಿಯ ಮೂಲದಲ್ಲಿರುವುದು ಆಶ್ರಯ ಅರಸುವ ಮಾತು. ಹಿಂದಿಯ ‘ಶರಣಾರ್ಥಿ’ ಅದನ್ನು ಉಳಿಸಿಕೊಂಡಿದೆ.

ಮನಸ್ಸಿಗೆ ಹತ್ತಿರವಾದದ್ದು ‘ಒಕ್ಕಲೆಬ್ಬಿಸು’. ಒಕ್ಕಲು ಅಂದರೆ ಬಾಳಿ ಬದುಕುವ ಸಂಸಾರ. ಮಲಗಿದವರನ್ನು ಎಬ್ಬಿಸುವ ಹಾಗೆ ಅದನ್ನೇ ಎಬ್ಬಿಸಿಬಿಡುವುದು. ಎಂಥ ಕಟುವಾದ ಪದ! ಆದರೆ ಎಬ್ಬಿಸಲು ಒಬ್ಬ ಬೇಕು. ನೆರೆಯೋ ಯುದ್ಧವೋ, ಚಿತ್ರ ಎಲ್ಲೂ ಹೇಳುವುದಿಲ್ಲ. ಹಾಗಾಗಿ ‘ಒಕ್ಕಲೆದ್ದವರು’ ಅಂದರೆ ಹೇಗೆ? ಇನ್ನೊಂದು, ‘ನೆಲೆ ತಪ್ಪಿದವರು’. ನೆಲೆ ಅಂದರೆ ವಾಸದ ಜಾಗವಷ್ಟೇ ಅಲ್ಲ, ನೀರಿನಲ್ಲಿ ಕಾಲಿಗೆ ಸಿಗುವ ತಳವೂ ಹೌದು. ಗೋಡೆ ತಡವುವ ಆ ಕೈಗೆ ಇದು ಚೆನ್ನಾಗಿ ಒಪ್ಪುತ್ತದೆ. ಆದರೂ ‘ದಾರಿ ತಪ್ಪಿದವನು’ ಎನ್ನುವಾಗಿನ ಹಾಗೆ ಇಲ್ಲೂ ತಪ್ಪು ಆ ಮುದುಕನದೇ ಎಂಬ ನೆರಳು ಬೀಳುತ್ತದೆಯೇ?

ಚಿತ್ರದ ಪರಿಚಯದಲ್ಲಿ ‘ಹ್ಯೂಮನ್ ಕಂಡೀಷನ್’ ಎಂದಿದೆ. ‘ಮಾನವ ಸ್ಥಿತಿ’ ಸರ್ಕಾರಿ ವರದಿಯ ಹಾಗೆ ಕೇಳುತ್ತದೆ. ‘ಮನುಷ್ಯನ ಪಾಡು’ ಎಂದಿಟ್ಟಿದ್ದೇನೆ. ಹಳಗನ್ನಡದಲ್ಲಿ ಹಾಡುವುದಕ್ಕೂ ‘ಪಾಡು’ ಎಂದೇ ಹೇಳುತ್ತಿದ್ದರು. ಈ ಚಿತ್ರಕ್ಕೆ ಅದು ತಾನಾಗಿ ಒದಗಿಬಂದಿದೆ, ಬಿಟ್ಟುಕೊಡಲಾರೆ.

ಮೊದಲಿನದೇ ಇನ್ನೂ ಬಗೆಹರಿದಿಲ್ಲ. ‘ಒಕ್ಕಲೆದ್ದವರು’ ನಿಮ್ಮ ಕಡೆಯ ಆಡುಮಾತಿನಲ್ಲಿದೆಯೇ? ಕೇಳಿದೊಡನೆ ಅರ್ಥವಾಗುತ್ತದೆಯೇ? ಆ ಅಂಗೈ ತೆರೆಯ ಮೇಲಿರುವುದು ಮೂರೇ ಸೆಕೆಂಡು, ಅಷ್ಟರಲ್ಲಿ ಓದಿ ಮುಗಿಯಬೇಕು.