'ಮೇಲ್ಪಟ್ಟು' ಅಂದರೆ ಆ ಸಂಖ್ಯೆಯೂ ಸೇರುತ್ತದೋ ಇಲ್ಲವೋ?

ಎಲ್ಲರಿಗೂ ನಮಸ್ಕಾರ. ಶಿಡ್ಲಘಟ್ಟದಿಂದ ಬರೆಯುತ್ತಿದ್ದೇನೆ. ವಕೀಲರ ಕಾಗದಪತ್ರಗಳನ್ನು ಕನ್ನಡಕ್ಕೆ ತರುವುದು ನನ್ನ ಕೆಲಸ. ಮೂರು ದಿನದಿಂದ ಒಂದು ಪದ ತಲೆ ತಿನ್ನುತ್ತಿದೆ.

ಪಕ್ಕದ ಮನೆ ಹುಡುಗನಿಗೆ ಪಿಯುಸಿಯಲ್ಲಿ ಫಿಸಿಕ್ಸ್, ಕೆಮಿಸ್ಟ್ರಿ, ಮ್ಯಾತ್ಸ್ ಮೂರೂ ಸೇರಿ 300ಕ್ಕೆ 135 ಬಂದಿದೆ. ಅಂದರೆ ಸರಿಯಾಗಿ ಶೇ. 45. ಒಂದು ಕೂದಲೆಳೆ ಹೆಚ್ಚಿಲ್ಲ, ಕಡಿಮೆಯೂ ಇಲ್ಲ. ಒಂದು ಎಂಜಿನಿಯರಿಂಗ್ ಕಾಲೇಜಿನ ಕನ್ನಡ ಪ್ರಕಟಣೆಯಲ್ಲಿ 'ಸಾಮಾನ್ಯ ವರ್ಗದವರು ಶೇ. 45 ಮೇಲ್ಪಟ್ಟು ಅಂಕ ಪಡೆದಿರಬೇಕು' ಎಂದಿತ್ತು. ಕೌಂಟರಿನಲ್ಲಿದ್ದವರು ಆ ಪದದ ಮೇಲೆ ಬೆರಳಿಟ್ಟು, "ನಿಂದು ಮೇಲೆ ಹೋಗಿಲ್ವಲ್ಲಪ್ಪ, ಅಲ್ಲಿಗೇ ನಿಂತಿದೆ" ಅಂದರಂತೆ. ಅವರಮ್ಮ ಆ ಹಾಳೆ ಹಿಡಿದುಕೊಂಡು ನಮ್ಮ ಮನೆಗೆ ಬಂದರು. (ಕಟಾಫ್‌ಗೆ ಅವರು 'ಕಟಾವು' ಅನ್ನುತ್ತಾರೆ. ನನಗೇನೋ ಅದೇ ಚೆನ್ನಾಗಿದೆ ಅನಿಸಿತು.)

ನಿಯಮದಲ್ಲಿ ಇರುವುದು 'ಕನಿಷ್ಠ ಶೇ. 45'. ಪರಿಶಿಷ್ಟರಿಗೆ ಮತ್ತು ಹಿಂದುಳಿದ ವರ್ಗಗಳಿಗೆ ಶೇ. 40. ಅದನ್ನು ತೋರಿಸಿದ ಮೇಲೆ ಅರ್ಜಿ ತಗೊಂಡರು, ಜಗಳ ಅಲ್ಲಿಗೇ ಮುಗಿಯಿತು. ಆದರೆ ಕೌಂಟರಿನವರು ಕನ್ನಡವನ್ನು ತಪ್ಪಾಗಿ ಓದಿದರಾ? ನನಗೆ ಹಾಗನಿಸುವುದಿಲ್ಲ. ಮೇಲೆ, ಪಡು. ಪದ ಬಿಡಿಸಿದರೆ 45ರ ಮೇಲಕ್ಕೆ ಹೋಗಲೇಬೇಕು.

ಬಳಕೆ ಮಾತ್ರ ಬೇರೆ ದಾರಿ ಹಿಡಿದಿದೆ. '18 ವರ್ಷ ಮೇಲ್ಪಟ್ಟವರು ಮತ ಹಾಕಬಹುದು' ಅನ್ನುತ್ತೇವೆ. ಸಂವಿಧಾನದ 326ನೇ ವಿಧಿ ಹೇಳುವುದು 18ಕ್ಕೆ ಕಡಿಮೆ ಇರಬಾರದು ಎಂದಷ್ಟೆ. ಅಲ್ಲಿ ಯಾರಿಗೂ ತೊಂದರೆ ಆಗಿಲ್ಲ, ಯಾಕೆಂದರೆ ವಯಸ್ಸು ನಿಲ್ಲುವುದಿಲ್ಲ. ಹುಟ್ಟುಹಬ್ಬದ ಮರುದಿನ ಎಲ್ಲರೂ ಮೇಲ್ಪಟ್ಟವರೇ. ಅಂಕಪಟ್ಟಿ ಹಾಗೆ ಬೆಳೆಯುವುದಿಲ್ಲ ಅಲ್ವಾ? 135 ಅಂದರೆ ನಾಳೆಯೂ 135.

ನಮ್ಮೂರ ರೇಷ್ಮೆಗೂಡಿನ ಮಾರುಕಟ್ಟೆಯಲ್ಲಿ ಈ ಗೊಂದಲವೇ ಇಲ್ಲ. ಗೂಡು ಹಾಕಿ ಬಂದವರನ್ನು ರೇಟು ಕೇಳಿ. "ಐನೂರು ಮುಟ್ತು" ಅಂದರೆ ಸರಿಯಾಗಿ ಐನೂರು. "ಐನೂರು ದಾಟ್ತು" ಅಂದರೆ ಐನೂರರ ಮೇಲೆ ಒಂದು ರೂಪಾಯಿಯಾದರೂ ಬಂದಿದೆ. ಎರಡನ್ನೂ ಯಾರೂ ಬೆರೆಸುವುದಿಲ್ಲ, ಬೆರೆಸಿದರೆ ಮನೆಯಲ್ಲಿ ಲೆಕ್ಕ ಕೇಳುತ್ತಾರೆ. 'ಶೇ. 45 ಮುಟ್ಟಿರಬೇಕು' ಎಂದು ಪ್ರಕಟಣೆಯಲ್ಲಿ ಬರೆದರೆ ಯಾಕಾಗಬಾರದು? 'ಕಡಿಮೆ ಇಲ್ಲದ' ಎಂಬುದು ಸರಿಯೇ, ಆದರೆ ಬಳಸು ದಾರಿ. ವಯಸ್ಸಿಗೆ 'ತುಂಬಿದ' ಎಂಬ ಸೊಗಸಾದ ಮಾತಿದೆ. ಅಂಕಕ್ಕೆ ಅದು ಒಗ್ಗುವುದಿಲ್ಲ.

ಮುಟ್ಟದಿದ್ದರೆ ಕೋರ್ಟು ಎಷ್ಟು ಬಿಗಿ ಅನ್ನುವುದಕ್ಕೆ ಒಂದು ಉದಾಹರಣೆ. ಇದು ಸೀಟಿನ ಕೇಸಲ್ಲ, ಒಡಿಶಾದ ನ್ಯಾಯಾಧೀಶರ ನೇಮಕಾತಿಯದು. ಅಭ್ಯರ್ಥಿಗೆ ಬಂದದ್ದು ಶೇ. 44.93, ಬೇಕಿದ್ದದ್ದು 45. ಅದನ್ನು 45 ಎಂದು ಹಿಡಿಯಬಹುದು ಎಂದು ಅಲ್ಲಿನ ಹೈಕೋರ್ಟ್ ಹೇಳಿತು. 2011ರಲ್ಲಿ ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ನಿಯಮದಲ್ಲಿ ಅವಕಾಶ ಇಲ್ಲದಿದ್ದರೆ ಅಂಕವನ್ನು ಮೇಲಿನ ಪೂರ್ಣ ಸಂಖ್ಯೆಗೆ ಏರಿಸುವ ಹಾಗಿಲ್ಲ. ಅಂದಹಾಗೆ, ಈ 'ರೌಂಡ್ ಆಫ್'ಗೂ ಒಳ್ಳೆಯ ಕನ್ನಡ ಪದ ಬೇಕು. 'ಪೂರ್ಣಾಂಕಗೊಳಿಸುವುದು' ಎಂದು ಬರೆದು ಬರೆದು ಸಾಕಾಗಿದೆ. 'ಸರಿದೂಗಿಸುವುದು' ಅಂದರೆ ಕಳ್ಳ ಲೆಕ್ಕದ ವಾಸನೆ ಹೊಡೆಯುತ್ತದೆ.

ಇನ್ನೊಂದು ಪದ 'ಅರ್ಹ'. ಭಾರತೀಯ ವಕೀಲರ ಪರಿಷತ್ತಿನ (ಬಾರ್ ಕೌನ್ಸಿಲ್) 2008ರ ಕಾನೂನು ಶಿಕ್ಷಣ ನಿಯಮಗಳಲ್ಲೂ ಕನಿಷ್ಠ ಅಂಕ ಇದೆ. ಅದರ ಜೊತೆಗೇ, ಅಷ್ಟು ಅಂಕ ಬಂದ ಮಾತ್ರಕ್ಕೆ ಸೀಟು ತಾನಾಗಿ ಸಿಗುವುದಿಲ್ಲ ಎಂಬ ಮಾತೂ ಇದೆ. ಕನ್ನಡದಲ್ಲಿ 'ಶೇ. 45 ಪಡೆದವರು ಪ್ರವೇಶಕ್ಕೆ ಅರ್ಹರು' ಎಂದು ಬರೆದರೆ ಸೀಟು ಕೈಗೆ ಬಂದ ಹಾಗೇ ಕೇಳುತ್ತದೆ. 'ಅನರ್ಹ' ಅಂದರೆ ಇನ್ನೂ ಕೆಟ್ಟದು, ಆ ಹುಡುಗನ ಯೋಗ್ಯತೆಯನ್ನೇ ಎತ್ತಿ ಆಡಿದ ಹಾಗೆ. ನಾನು ಈಗ 'ಅರ್ಜಿ ಹಾಕಬಹುದು', 'ಅರ್ಜಿ ಹಾಕುವಂತಿಲ್ಲ' ಎಂದೇ ಬರೆಯುತ್ತಿದ್ದೇನೆ. ವಕೀಲರೊಬ್ಬರು ಅದನ್ನು ತಿದ್ದಿ ಮತ್ತೆ 'ಅರ್ಹ' ಮಾಡಿ ಕಳಿಸಿದರು. ಸುಮ್ನೆ ಟೈಪ್ ಮಾಡಿ ಕೊಟ್ಟೆ.

ನನಗೆ ಬೇಕಿರುವುದು ಇಷ್ಟು. ಹಳೆಯ ಸರ್ಕಾರಿ ಆದೇಶ, ಶಾಲೆಯ ದಾಖಲೆ, ಕಂದಾಯದ ಕಾಗದ ಏನೇ ಇರಲಿ, 'ಮೇಲ್ಪಟ್ಟು' ಎಂಬುದನ್ನು ಆ ಸಂಖ್ಯೆಯೂ ಸೇರಿದೆ ಎಂದು ಖಚಿತವಾಗಿ ಬಳಸಿದ್ದನ್ನು ಯಾರಾದರೂ ನೋಡಿದ್ದೀರಾ? ಹಾಗೆಯೇ '15ರೊಳಗೆ ಅರ್ಜಿ ಕೊಡಿ' ಅಂದರೆ ನಿಮ್ಮ ಕಡೆ 15ನೇ ತಾರೀಕು ಸೇರುತ್ತದಾ? ನಮ್ಮ ಮನೆಯಲ್ಲೇ ಇದಕ್ಕೆ ಎರಡು ಉತ್ತರ ಬಂದಿವೆ.