ಮಗನಿಗೆ ‘ಆನ್ಸ್‌ಗಾರ್’ ಎಂದು ಹೆಸರಿಡಬಹುದೇ? ಹಳೆಯ ಜರ್ಮಾನಿಕ್ ಹೆಸರು ಇಟ್ಟವರು ಅನುಭವ ಹಂಚಿಕೊಳ್ಳಿ

ಬ್ರೇಮನ್‌ನಲ್ಲಿರುವ ಹುಬ್ಬಳ್ಳಿಯವ (ಪ್ರಶ್ನೆ)

ಎಲ್ಲರಿಗೂ ನಮಸ್ಕಾರ. ನಾನು ಹುಬ್ಬಳ್ಳಿಯವನು, ನನ್ನ ಹೆಂಡತಿ ಜರ್ಮನಿಯ ಬ್ರೇಮನ್ ನಗರದವಳು. ಮುಂದಿನ ತಿಂಗಳು ನಮಗೆ ಗಂಡುಮಗು ಹುಟ್ಟಲಿದೆ. ತೀರಿಹೋದ ತನ್ನ ಅಜ್ಜನ ಹೆಸರಾದ ‘ಆನ್ಸ್‌ಗಾರ್’ ಅನ್ನೇ ಮಗುವಿಗೆ ಇಡಬೇಕೆಂಬುದು ಅವಳ ಆಸೆ. ಅಜ್ಜನ ಹೆಸರನ್ನು ಇಡುವ ಪದ್ಧತಿ ನಮ್ಮಲ್ಲೂ ಇರುವುದರಿಂದ ನನ್ನ ತಕರಾರಿಲ್ಲ. ಆದರೆ ಈಗ ಹುಟ್ಟುವ ಜರ್ಮನ್ ಮಕ್ಕಳಲ್ಲೂ ಈ ಹೆಸರು ಅಪರೂಪ. ಊರಿನಲ್ಲಿ ಇದನ್ನು ಕೇಳಿದ ನಮ್ಮಣ್ಣನಂತೂ ‘ಸಾಲಗಾರ, ಮೋಸಗಾರ ಇದ್ದ ಹಾಗೆ ಇವನು ಆನ್ಸಗಾರನೋ’ ಎಂದು ನಕ್ಕುಬಿಟ್ಟ. ಈ ಹೆಸರಿನ ಅರ್ಥವೇನು, ಇದರ ಇತಿಹಾಸವೇನು, ಇಂಥ ಹಳೆಯ ಹೆಸರುಗಳನ್ನು ಮಕ್ಕಳಿಗೆ ಇಟ್ಟವರಿಗೆ ಮುಂದೆ ಏನಾಯಿತು ಎಂಬುದನ್ನು ದಯವಿಟ್ಟು ತಿಳಿಸಿ.

ಕಾಸೆಲ್ ಕನ್ನಡತಿ

ಧೈರ್ಯವಾಗಿ ಇಡಿ. ನನ್ನ ಮಗನ ಹೆಸರು ಆನ್ಸೆಲ್ಮ್, ಅಂದರೆ ನಿಮ್ಮ ಆನ್ಸ್‌ಗಾರ್‌ನ ದಾಯಾದಿ ಹೆಸರು. ಎರಡರಲ್ಲೂ ಇರುವ ‘ಆನ್ಸ್’ ಎಂಬುದಕ್ಕೆ ದೇವತೆ ಎಂದು ಅರ್ಥ. ಸ್ಕ್ಯಾಂಡಿನೇವಿಯಾದ ಪುರಾಣಗಳಲ್ಲಿ ಓಡಿನ್, ಥೋರ್ ಮೊದಲಾದವರ ಕುಲವನ್ನು ‘ಏಸಿರ್’ ಎನ್ನುತ್ತಾರಲ್ಲ, ಅದರ ಮೂಲವೂ ಇದೇ. ಹಳೆಯ ಜರ್ಮಾನಿಕ್ ಬುಡಕಟ್ಟಾದ ಗೋಥ್ ಜನರು ತಮ್ಮ ಪೂರ್ವಜ ವೀರರನ್ನು ‘ಆನ್ಸೆಸ್’ ಎಂದು ಕರೆದು ಅರೆದೇವತೆಗಳೆಂದು ಎಣಿಸುತ್ತಿದ್ದರೆಂದು 6ನೇ ಶತಮಾನದ ಇತಿಹಾಸಕಾರ ಯೋರ್ಡಾನೆಸ್ ಬರೆದಿದ್ದಾನೆ. ‘ಗಾರ್’ ಎಂದರೆ ಈಟಿ; ಗೆರ್ಹಾರ್ಡ್, ಗೆರ್ಟ್ರೂಡ್, ಎಡ್ಗರ್ ಎಂಬ ಹೆಸರುಗಳಲ್ಲಿ ಇರುವುದೂ ಅದೇ ಈಟಿ. ಇಂಗ್ಲಿಷಿನಲ್ಲಿ ಬೆಳ್ಳುಳ್ಳಿಗೆ ಹೇಳುವ ‘ಗಾರ್ಲಿಕ್’ನ ಮೊದಲ ತುಂಡೂ ಅದೇ, ಎಸಳು ಈಟಿಯ ಮೊನೆಯಂತಿದೆ ಎಂಬ ಕಾರಣಕ್ಕೆ.

ಆದರೆ ಎರಡನ್ನೂ ಸೇರಿಸಿ ‘ದೇವರ ಈಟಿ’ ಎಂದು ಸಮಾಸ ಬಿಡಿಸಿ ಹೇಳುವವರನ್ನು ನಂಬಬೇಡಿ. ಹಳೆಯ ಜರ್ಮಾನಿಕ್ ಜನರು ಎರಡು ಪದಗಳನ್ನು ಜೋಡಿಸಿ ಹೆಸರು ಕಟ್ಟುತ್ತಿದ್ದುದು ಅರ್ಥಕ್ಕಿಂತ ಹೆಚ್ಚಾಗಿ ವಂಶವನ್ನು ತೋರಿಸಲಿಕ್ಕೆ. 9ನೇ ಶತಮಾನದಲ್ಲಿ ಬರೆದಿಟ್ಟ ‘ಹಿಲ್ಡೆಬ್ರಾಂಡ್ಸ್‌ಲೀಡ್’ ಎಂಬ ಹಾಡಿನ ಹಸ್ತಪ್ರತಿ ನಮ್ಮೂರಿನಲ್ಲಿಯೇ ಇದೆ. ಅದರಲ್ಲಿ ತಾತ ಹೆರಿಬ್ರಾಂಡ್, ಮಗ ಹಿಲ್ಡೆಬ್ರಾಂಡ್, ಮೊಮ್ಮಗ ಹಾಡುಬ್ರಾಂಡ್. ಮೂರು ತಲೆಮಾರಿಗೂ ಬಾಲ ಒಂದೇ, ತಲೆ ಮಾತ್ರ ಬೇರೆ. ಇದನ್ನೆಲ್ಲ ಓದಿಕೊಂಡು ಹೆಸರಿಟ್ಟವಳು ನಾನು. ಆನ್ಸೆಲ್ಮ್‌ನ ಕೊನೆಯಲ್ಲಿರುವ ‘ಹೆಲ್ಮ್’ ಎಂದರೆ ಶಿರಸ್ತ್ರಾಣ ಎಂದು ಗೊತ್ತಾದ ಕೂಡಲೇ ದಾವಣಗೆರೆಯಿಂದ ನಮ್ಮ ಅತ್ತೆಯವರು ‘ಮಗುವಿಗೆ ಹೆಲ್ಮೆಟ್ ಅಂತ ಹೆಸರಿಟ್ಟಿರಾ’ ಎಂದು ಕೇಳಿದರು. ಈಗ ಅವರೇ ಓಣಿಯವರಿಗೆಲ್ಲ ಅದರ ವಿವರಣೆ ಕೊಡುತ್ತಾರೆ.

ವೋಲ್ಫ್ರಾಂನ ತಂದೆ, ಸ್ಟುಟ್‌ಗಾರ್ಟ್

ಮೇಲಿನವರ ಮಗ ಇನ್ನೂ ಚಿಕ್ಕವನಿರಬೇಕು. ನನ್ನ ಮಗನಿಗೆ ಹದಿನಾಲ್ಕಾಗಿದೆ. ವೋಲ್ಫ್ ಎಂದರೆ ತೋಳ, ಹ್ರಾಬನ್ ಎಂದರೆ ಕಾಡುಕಾಗೆ. ಎರಡೂ ಸೇರಿ ವೋಲ್ಫ್ರಾಂ. ‘ಪಾರ್ಸಿಫಾಲ್’ ಬರೆದ ಮಧ್ಯಯುಗದ ಮಹಾಕವಿಯ ಹೆಸರೂ ಅದೇ ಎಂದು ನಾವು ಹೆಮ್ಮೆಯಿಂದ ಇಟ್ಟೆವು. ರಸಾಯನಶಾಸ್ತ್ರದ ಪಾಠ ಆರಂಭವಾಗುವವರೆಗೆ ಎಲ್ಲವೂ ಸರಿಯಿತ್ತು. ಇಂಗ್ಲಿಷಿನವರು ಟಂಗ್‌ಸ್ಟನ್ ಎನ್ನುವ ಲೋಹಕ್ಕೆ ಜರ್ಮನ್ನರು ವೋಲ್ಫ್ರಾಂ ಎನ್ನುತ್ತಾರೆ. ಮೂಲವಸ್ತುಗಳ ಕೋಷ್ಟಕದಲ್ಲಿ ಅದರ ಸಂಖ್ಯೆ 74. ಅಂದಿನಿಂದ ತರಗತಿಯಲ್ಲಿ ಅವನು ‘ಎಪ್ಪತ್ತನಾಲ್ಕು’, ಇಲ್ಲವಾದರೆ ‘ಬಲ್ಬು’. ಆ ಲೋಹದ ಹೆಸರಿಗೂ ಕವಿಯ ಹೆಸರಿಗೂ ತೋಳವೊಂದನ್ನು ಬಿಟ್ಟರೆ ಸಂಬಂಧವಿಲ್ಲವೆಂದು, ತವರ ಕರಗಿಸುವಾಗ ಆ ಅದಿರು ತವರವನ್ನು ತೋಳದಂತೆ ನುಂಗುತ್ತಿತ್ತೆಂದು ಗಣಿಯವರು ಹಾಗೆ ಕರೆದರೆಂದು ನಾನು ಎಷ್ಟು ಹೇಳಿದರೂ ಹುಡುಗರು ಕೇಳುವುದಿಲ್ಲ.

ಹೆಸರು ಬದಲಿಸಲು ಹೋದರೆ ಇಲ್ಲಿಯ ನಿಯಮ ನಮ್ಮಲ್ಲಿಯಂತಲ್ಲ. ಊರಿನಲ್ಲಾದರೆ ಒಂದು ಪ್ರಮಾಣಪತ್ರ, ಪತ್ರಿಕೆಯಲ್ಲೊಂದು ಪ್ರಕಟಣೆ ಎಂದು ಕೆಲಸ ಮುಂದೆ ಸಾಗುತ್ತದೆ. ಇಲ್ಲಿ 1938ರಲ್ಲಿ ಬಂದ ಕಾನೂನಿನ ಪ್ರಕಾರ ‘ಮಹತ್ವದ ಕಾರಣ’ವನ್ನು ಸಾಬೀತುಪಡಿಸಬೇಕು. ಕೊಟ್ಟ ಹೆಸರಿನ ಬದಲಾವಣೆಗೆ ಶುಲ್ಕ 255 ಯೂರೋವರೆಗೂ ಹೋಗುತ್ತದೆ. ನಾವು ಮನೋವೈದ್ಯರ ಪತ್ರಕ್ಕೆ ಹಣ ಕೊಟ್ಟೆವು, ವಕೀಲರಿಗೆ ಕೊಟ್ಟೆವು, ಕೊನೆಗೆ ಅರ್ಜಿ ತಿರಸ್ಕಾರವಾದರೂ ಶುಲ್ಕದ ಒಂದು ಪಾಲನ್ನು ಕಟ್ಟಿಸಿಕೊಂಡರು. ಮಕ್ಕಳ ಗೇಲಿಯೊಂದೇ ಸಾಕಾದಷ್ಟು ಕಾರಣವಲ್ಲವಂತೆ. ಆ ಅಧಿಕಾರಿಯ ಹೆಸರು ಥೋಮಾಸ್; ಅವರಿಗೆ ಇದು ಹೇಗೆ ತಿಳಿಯಬೇಕು?

ನಿವೃತ್ತ ಸಂಸ್ಕೃತ ಅಧ್ಯಾಪಕ, ಮೈಸೂರು

ಈ ಚರ್ಚೆಯನ್ನು ಓದಿ ಆಶ್ಚರ್ಯವಾಯಿತು. ‘ಆನ್ಸ್’ ಎಂಬುದು ಸಂಸ್ಕೃತದ ‘ಅಸುರ’, ಪಾರಸಿಗಳ ಪ್ರಾಚೀನ ಗ್ರಂಥವಾದ ಅವೆಸ್ತಾದ ‘ಅಹುರ’ ಶಬ್ದಗಳ ಬಂಧುವಾಗಿರಬಹುದೆಂದು ಹಲವು ಭಾಷಾಶಾಸ್ತ್ರಜ್ಞರು ಹೇಳುತ್ತಾರೆ. ಎಲ್ಲರೂ ಒಪ್ಪಿಲ್ಲ, ಆದರೆ ಅದು ಗಂಭೀರವಾದ ಮತವೇ. ಹಾಗಿರುವಾಗ ಇದನ್ನು ತಿಳಿಸದೆ ‘ದೇವತೆ’ ಎಂದು ಅರ್ಧ ಮಾತ್ರ ಹೇಳುವುದು ಸರಿಯಲ್ಲ. ನನ್ನ ಮೊಮ್ಮಗನಿಗೆ ಮ್ಯೂನಿಕ್‌ನಲ್ಲಿರುವ ಮಗ ಸೊಸೆ ‘ಓಸ್ವಾಲ್ಡ್’ ಎಂದು ಹೆಸರಿಟ್ಟಾಗ, ಆ ‘ಓಸ್’ ಕೂಡ ಇದೇ ಶಬ್ದದ ಹಳೆಯ ಇಂಗ್ಲಿಷ್ ರೂಪವೆಂದು ನಾನು ಹೇಳಿದೆ. ಯಾರೂ ಕಿವಿಗೊಡಲಿಲ್ಲ. ನಾಮಕರಣದ ದಿನ ತೊಟ್ಟಿಲ ಬಳಿ ಸೋದರತ್ತೆ ಮಗುವಿನ ಕಿವಿಯಲ್ಲಿ ಆ ಹೆಸರನ್ನು ಉಚ್ಚರಿಸಲಾಗದೆ ‘ವಾಸು’ ಎಂದುಬಿಟ್ಟಳು. ನಮಗೆ ಅವನು ಇವತ್ತಿಗೂ ವಾಸುವೇ.

ಕಾಸೆಲ್ ಕನ್ನಡತಿ

ಸರ್, ತಾವು ಸಂಸ್ಕೃತದ ಅಧ್ಯಾಪಕರಾಗಿದ್ದು ಋಗ್ವೇದದಲ್ಲಿ ವರುಣನನ್ನೂ ಅಗ್ನಿಯನ್ನೂ ‘ಅಸುರ’ ಎಂದು ಗೌರವದಿಂದಲೇ ಸಂಬೋಧಿಸಿರುವುದನ್ನು ಬಿಟ್ಟು ಹೇಳಿದ್ದೇಕೆ? ಆ ಶಬ್ದಕ್ಕೆ ಕೇಡಿನ ಅರ್ಥ ಬಂದದ್ದು ಆಮೇಲೆ. ಅರ್ಧ ಹೇಳಿದವರು ಯಾರು ಎಂಬುದನ್ನು ಓದುಗರು ತೀರ್ಮಾನಿಸಲಿ. ಹುಟ್ಟಬೇಕಾದ ಮಗುವಿನ ತಂದೆಯನ್ನು ಹೆದರಿಸುವುದರಿಂದ ಏನು ಸಾಧಿಸಿದ ಹಾಗಾಯಿತು?

ನಿವೃತ್ತ ಸಂಸ್ಕೃತ ಅಧ್ಯಾಪಕ, ಮೈಸೂರು

ತಾಯಿ, ಋಗ್ವೇದದ ಪಾಠ ನನಗೆ ಬೇಕಾಗಿಲ್ಲ. ಮಗುವಿನ ಹೆಸರನ್ನು ಕೇಳುವ ನೆರೆಹೊರೆಯವರು ಋಗ್ವೇದವನ್ನು ಓದಿರುವುದಿಲ್ಲ, ಬಕಾಸುರನ ಕಥೆಯನ್ನು ಕೇಳಿರುತ್ತಾರೆ ಎಂಬುದಷ್ಟೇ ನನ್ನ ಮಾತು.

ಆರ್ಹುಸ್ ನಿವಾಸಿ

ನಾನು ಡೆನ್ಮಾರ್ಕ್‌ನಲ್ಲಿದ್ದೇನೆ, ನನ್ನ ಮಗ ಆಸ್‌ಗೆರ್. ಅದು ನಿಮ್ಮ ಆನ್ಸ್‌ಗಾರ್‌ನ ಇಲ್ಲಿಯ ರೂಪ. ಐಸ್‌ಲ್ಯಾಂಡಿನವರು ಆಸ್ಗೇರ್ ಎನ್ನುತ್ತಾರೆ. ಆನ್ಸ್‌ಗಾರ್‌ನ ಇತಿಹಾಸವನ್ನು ಯಾರೂ ಹೇಳದೆ ತಮ್ಮ ತಮ್ಮ ಮನೆಯ ಕಥೆಗಳನ್ನೇ ಹೇಳುತ್ತಿರುವುದರಿಂದ ನಾನು ಬರೆಯುತ್ತಿದ್ದೇನೆ.

ಈ ಹೆಸರು ಉಳಿದುಬಂದದ್ದು ಒಬ್ಬ ಸಂತನಿಂದ. ಅವನು 801ರಲ್ಲಿ ಹುಟ್ಟಿ, ಇಂದಿನ ಫ್ರಾನ್ಸ್‌ನ ಕೋರ್ಬಿ ಮಠದಲ್ಲಿ ಬೆಳೆದು, ಅಲ್ಲಿಂದ ವೇಸರ್ ನದಿಯ ದಂಡೆಯ ಕೋರ್ಫೈ ಮಠಕ್ಕೆ ಬಂದ. ಡೇನರ ರಾಜ ಹರಾಲ್ಡ್ ಕ್ಲಾಕ್ 826ರಲ್ಲಿ ಮೈನ್ಸ್‌ನಲ್ಲಿ ಕ್ರೈಸ್ತ ದೀಕ್ಷಾಸ್ನಾನ ಪಡೆದು ಹಿಂತಿರುಗುವಾಗ ಧರ್ಮ ಸಾರಲು ಅವನ ಜೊತೆ ಕಳಿಸಲು ಸಿಕ್ಕ ಸನ್ಯಾಸಿ ಇವನೇ. ಆಮೇಲೆ ಸ್ವೀಡನ್ನಿನ ಬಿರ್ಕಾಕ್ಕೆ ಹೋದ. ಹ್ಯಾಂಬರ್ಗ್‌ನಲ್ಲಿ ಆರ್ಚ್‌ಬಿಷಪ್ ಆದ. 845ರಲ್ಲಿ ವೈಕಿಂಗರು ಹ್ಯಾಂಬರ್ಗ್‌ಗೆ ನುಗ್ಗಿ ಚರ್ಚು, ಮಠ, ಪುಸ್ತಕಗಳನ್ನು ಸುಟ್ಟರು. ಅವನು ಬರಿಗೈಯಲ್ಲಿ ತಪ್ಪಿಸಿಕೊಂಡ. ಮುಂದೆ ಬ್ರೇಮನ್ ಅವನ ನೆಲೆಯಾಯಿತು, 865ರ ಫೆಬ್ರವರಿ 3ರಂದು ಅಲ್ಲಿಯೇ ತೀರಿಕೊಂಡ. ಧರ್ಮಕ್ಕಾಗಿ ಹುತಾತ್ಮನಾಗಬೇಕೆಂದು ಬಯಸಿದ್ದವನು ರೋಗದಿಂದ ಹಾಸಿಗೆಯಲ್ಲಿ ಸಾಯಬೇಕಾಯಿತಲ್ಲ ಎಂದು ಕೊರಗಿದನೆಂದು ಅವನ ಶಿಷ್ಯ ರಿಂಬರ್ಟ್ ಬರೆದ ಚರಿತ್ರೆ ಹೇಳುತ್ತದೆ. ‘ಉತ್ತರದ ಅಪೋಸ್ತಲ’, ಅಂದರೆ ಉತ್ತರದ ಧರ್ಮದೂತ, ಎಂಬ ಬಿರುದು ಅವನಿಗಿದೆ. ಹೀಗಾಗಿ ಈ ಹೆಸರು ಬೇರೆಡೆಗಿಂತ ಉತ್ತರದ ಕಡೆ, ಅದರಲ್ಲೂ ಕ್ಯಾಥೊಲಿಕ್ ಮನೆಗಳಲ್ಲಿ ಹೆಚ್ಚು ಪರಿಚಿತ. ಡೆನ್ಮಾರ್ಕ್‌ನಲ್ಲಿ ಒಪ್ಪಿಗೆಯಾದ ಹೆಸರುಗಳ ಪಟ್ಟಿಯೇ ಇರುವುದರಿಂದ ಆಸ್‌ಗೆರ್‌ಗೆ ಯಾವ ತೊಡಕೂ ಆಗಲಿಲ್ಲ. ಮಗಳಿಗೆ ‘ಚಿನ್ಮಯಿ’ ಎಂದು ಇಡಲು ಹೋದಾಗ ಮಾತ್ರ ಪ್ರತ್ಯೇಕ ಅರ್ಜಿ ಹಾಕಿ ಕಾಯಬೇಕಾಯಿತು, ಆ ಸಿಟ್ಟು ಇನ್ನೂ ಇಳಿದಿಲ್ಲ.

ಹ್ಯಾಂಬರ್ಗ್ ನಿವಾಸಿ

ಆರ್ಹುಸ್‌ನವರು ಎಲ್ಲ ಕಥೆಯನ್ನೂ ಹೇಳಿ ಮುಖ್ಯವಾದದ್ದನ್ನು ಬಿಟ್ಟರು. ಹ್ಯಾಂಬರ್ಗ್‌ನ ಟ್ರೋಸ್ಟ್‌ಬ್ರ್ಯೂಕೆ ಸೇತುವೆಯ ಮೇಲೆ ಎರಡು ಪ್ರತಿಮೆಗಳಿವೆ: ಒಂದು ಸಂತ ಆನ್ಸ್‌ಗಾರ್, ಇನ್ನೊಂದು ಕೌಂಟ್ ಮೂರನೆಯ ಅಡಾಲ್ಫ್. ಅಡಾಲ್ಫ್ ಎಂದರೆ ‘ಶ್ರೇಷ್ಠ’ ಮತ್ತು ‘ತೋಳ’. ವ್ಯಾಕರಣದ ದೃಷ್ಟಿಯಿಂದ ಆನ್ಸ್‌ಗಾರ್‌ಗಿಂತ ಯಾವ ವಿಧದಲ್ಲೂ ಕೀಳಲ್ಲದ ಹೆಸರು. ಇಂದು ಯಾವ ತಂದೆ ಅದನ್ನು ಇಟ್ಟಾನು? ಹೆಸರಿನ ಗತಿಯನ್ನು ನಿರ್ಧರಿಸುವುದು ಅದನ್ನು ಹೊತ್ತವರು, ನಿಘಂಟಲ್ಲ. ಈಟಿ, ಯುದ್ಧ, ಕಾಗೆ, ತೋಳ ಎಂದು ಹಳೆಯ ಹೆಸರುಗಳನ್ನು ಹುಡುಕಿ ಇಡುವವರನ್ನು ಕಂಡರೆ, ಅವರ ರಾಜಕೀಯವೇನೋ ಎಂದು ಇಲ್ಲಿ ಕೆಲವರು ಅನುಮಾನಿಸುತ್ತಾರೆ. ನಾವು ಅದಕ್ಕೇ ಮಗನಿಗೆ ಯೋನಾಸ್ ಎಂದಿಟ್ಟೆವು. ತರಗತಿಯಲ್ಲಿ ಅದೇ ಹೆಸರಿನ ಇನ್ನೂ ಇಬ್ಬರಿದ್ದಾರೆ, ಯಾರೂ ಗೇಲಿ ಮಾಡುವುದಿಲ್ಲ.

ಕಾಸೆಲ್ ಕನ್ನಡತಿ

ಮೂವರಲ್ಲಿ ಒಬ್ಬನಾಗಿರುವುದೂ ಒಂದು ಸಾಧನೆಯೇ? ನನ್ನ ಮಗನ ಹೆಸರಿನಲ್ಲಿ ರಾಜಕೀಯವನ್ನು ಹುಡುಕುವ ಮೊದಲು, ಕ್ಯಾಂಟರ್‌ಬರಿಯ ಆನ್ಸೆಲ್ಮ್ ಎಂಬ ಮಧ್ಯಯುಗದ ಸಂತ ಯಾರೆಂದು ಓದಿಕೊಳ್ಳಿ.

ವೋಲ್ಫ್ರಾಂನ ತಂದೆ, ಸ್ಟುಟ್‌ಗಾರ್ಟ್

ಹ್ಯಾಂಬರ್ಗ್‌ನವರು ‘ಕಾಗೆ, ತೋಳ’ ಎಂದದ್ದು ನನ್ನ ಮಗನಿಗೇ ಎಂಬುದು ನನಗೆ ಅರ್ಥವಾಗಿದೆ. ಕನ್ನಡದ ಮೊದಲ ಪತ್ರಿಕೆಯಾದ ‘ಮಂಗಳೂರು ಸಮಾಚಾರ’ವನ್ನು 1843ರಲ್ಲಿ ಹೊರತಂದ ಮೋಗ್ಲಿಂಗ್ ಅವರ ಹೆಸರು ಹರ್ಮನ್, ಅಂದರೆ ಸೇನೆಯ ಮನುಷ್ಯ. 1894ರ ಕನ್ನಡ ನಿಘಂಟಿನ ಕಿಟೆಲ್ ಅವರ ಫರ್ಡಿನಂಡ್‌ನಲ್ಲಿಯೂ ಸಾಹಸವೆಂಬ ಪದವಿದೆ. ಆ ಹೆಸರು ಗೋಥರ ಜೊತೆ ಸ್ಪೇನಿಗೆ ಹೋಗಿ ಆಸ್ಟ್ರಿಯಾದ ಹಾಬ್ಸ್‌ಬರ್ಗ್ ದೊರೆಗಳ ಮೂಲಕ ಜರ್ಮನಿಗೆ ಮರಳಿತು. ಅವರ ರಾಜಕೀಯವನ್ನೂ ಶಂಕಿಸುತ್ತೀರೇನು?

ಕಾಗದಪತ್ರಗಳಿಂದ ಬೇಸತ್ತವ, ಫ್ರಾಂಕ್‌ಫರ್ಟ್

ನೀವೆಲ್ಲ ಅರ್ಥದ ಬಗ್ಗೆ ಜಗಳವಾಡುತ್ತಿದ್ದೀರಿ. ಹೆಸರು ಯಾವುದೇ ಇರಲಿ, ಅದನ್ನು ದಾಖಲಿಸುವುದೇ ನಿಜವಾದ ಕಷ್ಟ. ಮಗುವಿನ ಹೆಸರಿಗೆ ನಮ್ಮ ನೋಂದಣಿ ಕಚೇರಿ ತಕ್ಷಣ ಒಪ್ಪಿತು. ತಂದೆಯ ಹೆಸರಿಗೆ, ಅಂದರೆ ನನ್ನ ಹೆಸರಿಗೆ ಒಪ್ಪಲಿಲ್ಲ. ನನ್ನ ಜನನ ಪತ್ರದಲ್ಲಿ ಮಗುವಿನ ಹೆಸರಿನ ಜಾಗ ಖಾಲಿ. ಶಾಲೆಯ ದಾಖಲೆಯಲ್ಲಿ ಇನಿಷಿಯಲ್ ಮುಂದೆ, ಪಾಸ್‌ಪೋರ್ಟಿನಲ್ಲಿ ಅದೇ ಬಿಡಿಸಿಕೊಂಡು ಹಿಂದೆ. ದಾಖಲೆ ಅಸಲಿ ಎಂದು ಹೊರದೇಶಗಳಿಗೆ ತೋರಿಸಲು ಭಾರತ ಹಾಕುವ ಅಪೊಸ್ಟಿಲ್ ಮುದ್ರೆಯನ್ನು ಜರ್ಮನಿ ಮಾನ್ಯ ಮಾಡುವುದಿಲ್ಲ, ಆದ್ದರಿಂದ ದಾಖಲೆಯನ್ನು ಊರಿನವರೆಗೂ ಹೋಗಿ ಪರಿಶೀಲಿಸುವ ಕ್ರಮವಿದೆ, ಅದರ ಮುಂಗಡವನ್ನು ನಾವೇ ಕಟ್ಟಬೇಕು. ಕನ್ನಡದಿಂದ ಜರ್ಮನ್‌ಗೆ ಅನುವಾದಿಸುವ ಪ್ರಮಾಣಿತ ಅನುವಾದಕರು ಸಾಲಿಗಿಷ್ಟು ಎಂದು ಲೆಕ್ಕ ಹಾಕುತ್ತಾರೆ. ತಾಲ್ಲೂಕು ಕಚೇರಿಯ ರಬ್ಬರ್ ಸ್ಟ್ಯಾಂಪಿನ ಸಾಲುಗಳೂ ಅದರಲ್ಲಿ ಸೇರುತ್ತವೆ. ಎಲ್ಲ ಸೇರಿ ನನಗೆ 640 ಯೂರೋ ಆಯಿತು. ಅಲ್ಲಿಯವರೆಗೆ ಮಗನಿಗೆ ಸಿಕ್ಕಿದ್ದು ಜನನ ಪ್ರಮಾಣಪತ್ರವಲ್ಲ, ‘ತಂದೆಯ ಗುರುತು ಸಾಬೀತಾಗಿಲ್ಲ’ ಎಂಬ ಟಿಪ್ಪಣಿ ಇದ್ದ ನೋಂದಣಿಯ ಪ್ರತಿ. ಇದನ್ನು ಓದಿದ ನಮ್ಮ ಮಾವನವರ ಮುಖವನ್ನು ನೀವು ಊಹಿಸಿಕೊಳ್ಳಬಹುದು.

ಹ್ಯಾಂಬರ್ಗ್ ನಿವಾಸಿ

ಕೇಳಿದ್ದು ಮಗುವಿನ ಹೆಸರಿನ ಬಗ್ಗೆ, ತಂದೆಯ ಜನನ ಪತ್ರದ ಬಗ್ಗೆ ಅಲ್ಲ. ಹೆಸರಿನ ವಿಷಯದಲ್ಲಿ ಕಚೇರಿಯವರೇ ಅನುಮಾನಿಸಿದರೆ ಅಭಿಪ್ರಾಯಪತ್ರ ಕೊಡುವ ಹೆಸರಿನ ಸಲಹಾ ಕೇಂದ್ರ ಲೈಪ್‌ಸಿಗ್ ವಿಶ್ವವಿದ್ಯಾಲಯದಲ್ಲಿದೆ. ಆನ್ಸ್‌ಗಾರ್‌ಗೆ ಅದರ ಅಗತ್ಯ ಬೀಳಲಾರದು. ಭಾರತೀಯ ಹೆಸರುಗಳಿಗೂ ಈಗ ದಾರಿ ಸುಗಮವಾಗಿದೆ: ಹೆಣ್ಣುಮಗುವಿಗೆ ‘ಕಿರಣ್’ ಎಂದು ಇಡಬಾರದು, ಅದರಿಂದ ಗಂಡೋ ಹೆಣ್ಣೋ ತಿಳಿಯುವುದಿಲ್ಲ ಎಂದು ತಡೆದ ಪ್ರಕರಣದಲ್ಲಿ 2008ರಲ್ಲಿ ಜರ್ಮನಿಯ ಸಂವಿಧಾನ ನ್ಯಾಯಾಲಯವೇ ತಂದೆತಾಯಿಯ ಪರವಾಗಿ ತೀರ್ಪು ಕೊಟ್ಟಿದೆ.

ಕಾಗದಪತ್ರಗಳಿಂದ ಬೇಸತ್ತವ, ಫ್ರಾಂಕ್‌ಫರ್ಟ್

ಪ್ರಶ್ನೆ ಕೇಳಿದವರೂ ಹುಬ್ಬಳ್ಳಿಯಲ್ಲಿ ಹುಟ್ಟಿದವರೇ. ಅವರ ಜನನ ಪತ್ರವನ್ನು ಇವತ್ತೇ ತೆಗೆದು ನೋಡಲಿ, ಆಮೇಲೆ ನಾನು ಹೇಳಿದ್ದು ವಿಷಯಾಂತರವೋ ಅಲ್ಲವೋ ಎಂದು ತಿಳಿಯುತ್ತದೆ.

ಬ್ರೇಮನ್‌ನಲ್ಲಿರುವ ಹುಬ್ಬಳ್ಳಿಯವ

ಎಲ್ಲರಿಗೂ ಧನ್ಯವಾದ. ಜನನ ಪತ್ರವನ್ನು ನೋಡಿದೆ, ಹೆಸರಿನ ಜಾಗ ನಿಜವಾಗಿಯೂ ಖಾಲಿ ಇದೆ. ಹೆಂಡತಿಯ ಜೊತೆ ಮಾತನಾಡಿ, ಆನ್ಸ್‌ಗಾರ್ ಜೊತೆಗೆ ನಮ್ಮ ಮನೆದೇವರ ಹೆಸರಿನಿಂದ ಬಸವ ಎಂದೂ ಸೇರಿಸಬಹುದೇ ಎಂದು ಯೋಚಿಸುತ್ತಿದ್ದೇವೆ. ಮುಂದೆ ಮಗನಿಗೇ ಬೇಡವಾದರೆ ಒಂದನ್ನು ಹಿಂದಕ್ಕೆ ಸರಿಸಲು ಸಾಧ್ಯವೇ?

ನಿವೃತ್ತ ಸಂಸ್ಕೃತ ಅಧ್ಯಾಪಕ, ಮೈಸೂರು

ಬಸವ ಎಂಬುದನ್ನು ಮೊದಲು ಇಡಿ. ಮಗು ಕೃತ್ತಿಕಾ ನಕ್ಷತ್ರದ ಮೊದಲ ಪಾದದಲ್ಲಿ ಹುಟ್ಟಿದರೆ ಮಾತ್ರ ಅಕಾರದ ಹೆಸರಿಗೆ ನನ್ನ ಒಪ್ಪಿಗೆಯಿದೆ.

ಕಾಸೆಲ್ ಕನ್ನಡತಿ

ಸರ್, ಇಲ್ಲಿ ಒಪ್ಪಿಗೆ ಕೊಡಬೇಕಾದವರು ಮಗುವಿನ ತಾಯಿ.

ವೋಲ್ಫ್ರಾಂನ ತಂದೆ, ಸ್ಟುಟ್‌ಗಾರ್ಟ್

ಸಾಧ್ಯವಿದೆ. 2018ರ ನವೆಂಬರ್‌ನಿಂದ, ಒಂದಕ್ಕಿಂತ ಹೆಚ್ಚು ಹೆಸರುಗಳಿರುವವರು ನೋಂದಣಿ ಕಚೇರಿಯಲ್ಲಿ ಹೇಳಿಕೆ ಕೊಟ್ಟು ಅವುಗಳ ಕ್ರಮವನ್ನು ಬದಲಿಸಿಕೊಳ್ಳಬಹುದು. ನಾವು ಪಟ್ಟ ಪಾಡು ಪಡಬೇಕಾಗಿಲ್ಲ, ಮಹತ್ವದ ಕಾರಣವನ್ನೂ ಹೇಳಬೇಕಾಗಿಲ್ಲ. ನನ್ನ ಮಗನಿಗೆ ಇರುವುದು ಒಂದೇ ಹೆಸರಾದ್ದರಿಂದ ನಮಗೆ ಅದು ಉಪಯೋಗಕ್ಕೆ ಬರಲಿಲ್ಲ. ಆದರೆ ಅರ್ಜಿಯಲ್ಲಿ ‘ಆನ್ಸ್‌ಗಾರ್’ ಮತ್ತು ‘ಬಸವ’ ನಡುವೆ ಅಡ್ಡಗೆರೆ ಹಾಕಬೇಡಿ. ಗೆರೆ ಹಾಕಿದರೆ ಎರಡೂ ಸೇರಿ ಒಂದೇ ಹೆಸರಾಗುತ್ತದೆ, ಆಗ ಹಿಂದೆ ಮುಂದೆ ಮಾಡಲು ಈ ದಾರಿಯಲ್ಲಿ ಬರುವುದಿಲ್ಲ.